ಸೋಮವಾರದ ಗಂಟಲು: ಒಂದು ಒಂಟಿತನದ ಪ್ರಕರಣ

ಸೋಮವಾರ ಬೆಳಿಗ್ಗೆ ಕೋಣೆಯಿಂದ ಹೊರಡುವ ಮುಂಚೆ ಆಕೆ ಕನ್ನಡಿಯ ಮುಂದೆ ನಿಂತು ಒಂದು ಸಲ "ಹಲೋ" ಅನ್ನುತ್ತಾಳೆ. ಕೆಮ್ಮಿ ಗಂಟಲು ಸರಿಮಾಡಿಕೊಂಡು ಇನ್ನೊಂದು ಸಲ ಅನ್ನುತ್ತಾಳೆ. ಆಮೇಲೆಯೇ ಬಾಗಿಲಿಗೆ ಬೀಗ. ಈ ಅಭ್ಯಾಸ ಹತ್ತಿದ್ದು ಒಂದು ಸೋಮವಾರ. ಆಫೀಸಿನ ಗೇಟಿನಲ್ಲಿ ಸೆಕ್ಯುರಿಟಿಯವರು "ಗುಡ್ ಮಾರ್ನಿಂಗ್ ಮೇಡಂ" ಅಂದರು. ಈಕೆ ಬಾಯಿ ತೆರೆದರೆ ಮಾತು ಬರಲಿಲ್ಲ, ಎಣ್ಣೆ ಕಾಣದ ಬಾಗಿಲಿನ ಹಾಗೆ ಕಿರ್ ಅಂತ ಒಂದು ಸದ್ದು ಬಂತು. ಲಿಫ್ಟಿನಲ್ಲಿ ನಿಂತು ಲೆಕ್ಕ ಹಾಕಿದಳಂತೆ. ಶುಕ್ರವಾರ ಸಂಜೆ ಆರೂವರೆಗೆ ಇದೇ ಲಿಫ್ಟಿನಲ್ಲಿ ಯಾರಿಗೋ "ಗ್ರೌಂಡ್ ಫ್ಲೋರ್" ಅಂದದ್ದು ಕೊನೆಯ ಮಾತು. ದಿನಾ ಫೋನು ಮಾಡುವ ಅಮ್ಮ ಆ ಎರಡು ದಿನ ಪ್ರಯಾಣದಲ್ಲಿದ್ದರು. 62 ಗಂಟೆ ಯಾರೊಡನೆಯೂ ಒಂದು ಪದ ಆಡಿರಲಿಲ್ಲ.

ಇದನ್ನು ನಗುತ್ತಲೇ ಹೇಳಿದಳು. ಹೇಳಿ ಮುಗಿಸಿ, ನಾನೂ ನಗುತ್ತೇನೋ ಏನೋ ಅಂತ ನನ್ನ ಮುಖ ನೋಡಿದಳು.

ನಾನು ಆಪ್ತಸಮಾಲೋಚಕಿ. ಇಲ್ಲಿ "ಆಕೆ" ಅಂತ ಬರೆದಿರುವುದು ಒಬ್ಬಳನ್ನೇ ಕುರಿತಲ್ಲ. ಯಾರ ಗುರುತೂ ಸಿಗಬಾರದೆಂದು ಇಂಥ ಹಲವರ ವಿವರಗಳನ್ನು ಬೆರೆಸಿ ಒಬ್ಬಳನ್ನಾಗಿ ಮಾಡಿದ್ದೇನೆ. ವಯಸ್ಸು 26. ಕೆಲಸಕ್ಕೆಂದು ಊರು ಬಿಟ್ಟು ಮೂರು ವರ್ಷ. ಬಾಡಿಗೆಯ ಒಂದು ಕೋಣೆಯಲ್ಲಿ ವಾಸ. ಆಫೀಸಿನಲ್ಲಿ ಒಂದೇ ಮಹಡಿಯಲ್ಲಿ 40 ಜನ. ಕೆಲಸದಲ್ಲಿ ಹೆಸರಿದೆ, ಮೀಟಿಂಗಿನಲ್ಲಿ ಅಳುಕಿಲ್ಲದೆ ಮಾತಾಡುತ್ತಾಳೆ. ಸಂಬಳ, ಆರೋಗ್ಯ, ಮನೆಯವರು ಯಾವುದರಲ್ಲೂ ದೊಡ್ಡ ತಾಪತ್ರಯವಿಲ್ಲ. ನನ್ನ ಹತ್ತಿರ ಬಂದಾಗ ಒಂಟಿತನ ಅನ್ನುವ ಮಾತನ್ನೇ ಎತ್ತಲಿಲ್ಲ. "ನಿದ್ದೆ ಸರಿ ಇಲ್ಲ, ಯಾವಾಗ್ಲೂ ಸುಸ್ತು" ಅಂದಳು. ಡಾಕ್ಟರು ಥೈರಾಯ್ಡ್, ಹಿಮೋಗ್ಲೋಬಿನ್ ಎಲ್ಲ ನೋಡಿ, ರಿಪೋರ್ಟು ಚೆನ್ನಾಗಿದೆ, ಒಮ್ಮೆ ಕೌನ್ಸೆಲಿಂಗ್‌ಗೆ ಹೋಗಿ ಬನ್ನಿ ಅಂತ ಕಳಿಸಿದ್ದರು.

ಬೇಜಾರು ಎಂಬ ಒಂದೇ ಪದ

ಮೊದಲ ಭೇಟಿಯ ಮುಕ್ಕಾಲು ಪಾಲು ಒಂದು ಪದದ ಸುತ್ತ ಕಳೆಯಿತು. "ಸಂಜೆ ಆದ್ರೆ ಬೇಜಾರು." ಹೇಗೆ ಬೇಜಾರು? "ಬೇಜಾರು ಅಂದ್ರೆ ಬೇಜಾರು ಮೇಡಂ, ಒಂಥರಾ."

ಕನ್ನಡದಲ್ಲಿ ನಾವು ಈ ಪದದ ಮೇಲೆ ಹೊರಲಾರದಷ್ಟು ಹೊರೆ ಹೇರಿದ್ದೇವೆ. ಮಾಡಲು ಕೆಲಸವಿಲ್ಲದಿದ್ದರೆ ಬೇಜಾರು, ಯಾರಾದರೂ ಏನಾದರೂ ಅಂದರೆ ಬೇಜಾರು, ಸಾವಿನ ಸುದ್ದಿ ಕೇಳಿದರೆ ಬೇಜಾರು, ಕ್ಯೂ ಉದ್ದವಿದ್ದರೂ ಬೇಜಾರು. "ಒಂಟಿತನ" ನಮಗೆ ಬರವಣಿಗೆಯ ಪದ. ನನ್ನೆದುರು ಕೂತವರು ಯಾರೂ "ನನಗೆ ಒಂಟಿತನ ಕಾಡುತ್ತಿದೆ" ಅಂತ ಬಾಯಿಬಿಟ್ಟು ಹೇಳಿದ ನೆನಪಿಲ್ಲ. ಹಾಗೆ ಹೇಳಿದರೆ ನಾಟಕದ ಮಾತಿನಂತೆ ಕೇಳುತ್ತದೆ. ಹಾಗಾಗಿ ಅದೂ ಬೇಜಾರಿನ ಚೀಲಕ್ಕೇ ಬೀಳುತ್ತದೆ. ಕೇಳಿಸಿಕೊಂಡವರು ಅದರಿಂದ ತಮಗೆ ಬೇಕಾದ ಅರ್ಥವನ್ನು ಎತ್ತಿಕೊಳ್ಳುತ್ತಾರೆ. ಇವಳ ತಾಯಿ ಎತ್ತಿಕೊಂಡದ್ದು "ಹೊತ್ತು ಹೋಗ್ತಿಲ್ಲ" ಅನ್ನುವ ಅರ್ಥ. ಅದಕ್ಕೇ "ಯಾವುದಾದ್ರೂ ಸಿನಿಮಾ ನೋಡು ಮಗಾ" ಅಂದರು. ಮಗಳು ಸಿನಿಮಾ ಹಾಕಿಕೊಂಡು, ಸದ್ದು ಹೆಚ್ಚಿಸಿ, ಪಾತ್ರಗಳು ಮಾತಾಡುವುದನ್ನು ಕೇಳುತ್ತ ಮಲಗಿದಳು. ತಾಯಿಯ ತಪ್ಪಿಲ್ಲ. ಮಗಳು ಹೇಳಿದ್ದೇ ಅಷ್ಟು.

"ಯಾರ ಜೊತೆ ಬೇಜಾರು?" ಅಂತ ಕೇಳಿದೆ. ಪ್ರಶ್ನೆ ವಿಚಿತ್ರವಾಗಿತ್ತು, ಆದರೆ ಕೆಲಸ ಮಾಡಿತು. ಸುಮಾರು ಹೊತ್ತು ಸುಮ್ಮನಿದ್ದು, "ಯಾರೂ ಇಲ್ವಲ್ಲ, ಅದಕ್ಕೇ" ಅಂದಳು.

ಅಳತೆ

ಒಬ್ಬರೇ ಇರುವುದಕ್ಕೆ ಒಂಟಿತನ ಎನ್ನುವುದಿಲ್ಲ. ಮನೋವಿಜ್ಞಾನಿಗಳಾದ ಲೆಟಿಷಿಯಾ ಆನ್ ಪೆಪ್ಲೌ ಮತ್ತು ಡೇನಿಯಲ್ ಪರ್ಲ್‌ಮನ್ 1980ರ ದಶಕದ ಆರಂಭದಲ್ಲಿ ಕೊಟ್ಟ ವಿವರಣೆ ಇವತ್ತಿಗೂ ಕೆಲಸಕ್ಕೆ ಬರುತ್ತದೆ: ನಮಗೆ ಬೇಕೆನಿಸುವ ಸಂಬಂಧಕ್ಕೂ ಕೈಯಲ್ಲಿರುವ ಸಂಬಂಧಕ್ಕೂ ನಡುವಿನ ಅಂತರವೇ ಒಂಟಿತನ. ಅದಕ್ಕೇ ತುಂಬಿದ ಮನೆಯಲ್ಲೂ ಅದು ಇರುತ್ತದೆ, ಒಬ್ಬರೇ ಇರುವವರಲ್ಲಿ ಇಲ್ಲದೆಯೂ ಇರುತ್ತದೆ. ಈಕೆಗೆ ಏಕಾಂತ ಇಷ್ಟವೇ. ಭಾನುವಾರ ಬೆಳಿಗ್ಗೆ ಕಿಟಕಿಯ ಹತ್ತಿರ ಕೂತು ಓದುವುದು ವಾರದಲ್ಲೇ ಒಳ್ಳೆಯ ಹೊತ್ತು ಅಂದಳು. ಅದೇ ಕಿಟಕಿ, ಅದೇ ಕುರ್ಚಿ ಸಂಜೆ ಐದರ ಹೊತ್ತಿಗೆ ಇರಲಾರದಂತಾಗುತ್ತಿತ್ತು.

ಮೂರು ಪ್ರಶ್ನೆಗಳ ಒಂದು ಅಳತೆಪಟ್ಟಿ ಇದೆ. ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿ 1978ರಲ್ಲಿ ಹುಟ್ಟಿದ 20 ಪ್ರಶ್ನೆಗಳ ಪಟ್ಟಿಯಿಂದ ಭಟ್ಟಿ ಇಳಿಸಿ 2004ರಲ್ಲಿ ಪ್ರಕಟಿಸಿದ್ದು. ಜೊತೆಗೆ ಯಾರೂ ಇಲ್ಲ ಅಂತ ಎಷ್ಟು ಸಲ ಅನಿಸುತ್ತದೆ? ನನ್ನನ್ನು ಹೊರಗಿಟ್ಟಿದ್ದಾರೆ ಅಂತ? ಎಲ್ಲರಿಂದ ದೂರವಾಗಿದ್ದೇನೆ ಅಂತ? ಅಪರೂಪಕ್ಕಾದರೆ 1, ಒಮ್ಮೊಮ್ಮೆಯಾದರೆ 2, ಆಗಾಗ ಆದರೆ 3. ಕಡಿಮೆಯೆಂದರೆ 3, ಗರಿಷ್ಠ 9. ಈಕೆಗೆ 8 ಬಂತು. ಖಿನ್ನತೆಯ ಒಂಬತ್ತು ಪ್ರಶ್ನೆಗಳ ಪಟ್ಟಿಯಲ್ಲಿ 27ಕ್ಕೆ 9, ಅಂದರೆ ಸೌಮ್ಯ ಮಟ್ಟದ ಮೇಲಿನ ಅಂಚು. ಬದುಕು ಬೇಡ ಅನಿಸಿದೆಯಾ ಅಂತ ನೇರವಾಗಿಯೇ ಕೇಳಿದೆ. ಇದನ್ನು ಸುತ್ತಿ ಬಳಸಿ ಕೇಳಬಾರದು. "ಇಲ್ಲ ಮೇಡಂ. ಆದ್ರೆ ನಾನಿಲ್ಲ ಅಂದ್ರೆ ಆಫೀಸಲ್ಲಿ ಯಾರಿಗೆ, ಎಷ್ಟು ದಿನಕ್ಕೆ ಗೊತ್ತಾಗ್ಬಹುದು ಅಂತ ಒಂದ್ಸಲ ಯೋಚ್ನೆ ಬಂದಿತ್ತು." ಇದನ್ನು ಬರೆದಿಟ್ಟುಕೊಂಡೆ. ಪ್ರತಿ ಭೇಟಿಯಲ್ಲೂ ತಪ್ಪದೆ ವಿಚಾರಿಸಿದೆ.

ಸಮಾಜವಿಜ್ಞಾನಿ ರಾಬರ್ಟ್ ವೈಸ್ 1973ರಲ್ಲಿ ಒಂಟಿತನದಲ್ಲಿ ಎರಡು ಬಗೆ ಗುರುತಿಸಿದರು. ಮನಸ್ಸು ಬಿಚ್ಚಿಡಲು ಒಬ್ಬರಿಲ್ಲದ್ದು ಒಂದು. ಹೋಗಿ ಬರುವ, ಕಂಡರೆ ಕೈ ಎತ್ತುವ ಬಳಗವಿಲ್ಲದ್ದು ಇನ್ನೊಂದು. ಒಂದರ ಕೊರತೆಯನ್ನು ಮತ್ತೊಂದು ತುಂಬುವುದಿಲ್ಲ. ಇವಳ ನೆಂಟರು ಹೇಳುತ್ತಿದ್ದ "ಮದುವೆಯಾದ್ರೆ ಎಲ್ಲಾ ಸರಿಹೋಗುತ್ತೆ" ಅನ್ನುವ ಮದ್ದಿನ ದೋಷವೂ ಇದೇ. ಅದು ಹೆಚ್ಚೆಂದರೆ ಮೊದಲನೆಯದಕ್ಕೆ ಮದ್ದು. ಇವಳಿಗೆ ಎರಡೂ ಇತ್ತು, ಎರಡನೆಯದು ಹೆಚ್ಚು.

ಪ್ರಾಯದವರಿಗೇನು ಒಂಟಿತನ ಅಂತ ಕೇಳುವವರಿದ್ದಾರೆ. 237 ದೇಶ, ಪ್ರಾಂತ್ಯಗಳ 46,054 ಜನರ ಉತ್ತರಗಳನ್ನು ನೋಡಿ 2021ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, 16ರಿಂದ 99ರ ವಯಸ್ಸಿನ ನಡುವೆ, ಹೆಚ್ಚು ಒಂಟಿತನ ಕಂಡದ್ದು ಕಿರಿಯರಲ್ಲೇ. ಇದನ್ನು ಹೇಳಿದಾಗ ಆಕೆಯ ಭುಜ ಸ್ವಲ್ಪ ಇಳಿಯಿತು. "ಹಾಗಾದ್ರೆ ನನ್ನಲ್ಲೇ ಏನೋ ಐಬಿದೆ ಅಂತಲ್ಲ?"

ನಾನು ಎಡವಿದ್ದು

ಎರಡನೇ ಭೇಟಿಯಲ್ಲಿ ನಾನು ಕೊಟ್ಟದ್ದು ಯಾರು ಬೇಕಾದರೂ ಕೊಡಬಹುದಾದ ಸಲಹೆ: ಯಾವುದಾದರೂ ಕ್ಲಾಸಿಗೆ ಸೇರಿ, ಜನರ ನಡುವೆ ಇರಿ. ಆಕೆ ಮಾತು ಮೀರುವವಳಲ್ಲ. ವಾರಾಂತ್ಯದ ಚಿತ್ರಕಲೆ ತರಗತಿಗೆ ಸೇರಿದಳು. ಮೂರು ಶನಿವಾರ ಹೋದಳು. ನಾಲ್ಕನೆಯದಕ್ಕೆ ಹೋಗಲಿಲ್ಲ.

"ಎಲ್ರೂ ಜೋಡಿ ಜೋಡಿ ಬಂದಿರ್ತಾರೆ ಮೇಡಂ. ಬ್ರೇಕಲ್ಲಿ ನಾನು ಬ್ರಷ್ ತೊಳೀತಾ ನಿಂತಿರ್ತೀನಿ. ಎಷ್ಟು ಹೊತ್ತು ತೊಳೀಬಹುದು ಒಂದು ಬ್ರಷ್‌ನ?"

ಆ ಬ್ರಷ್ಷು ನನ್ನನ್ನು ಬಹಳ ದಿನ ಚುಚ್ಚಿತು. ಯಾಕೆಂದರೆ ನನಗೆ ಇದು ಗೊತ್ತಿರಬೇಕಿತ್ತು. ಒಂಟಿತನ ಕಡಿಮೆ ಮಾಡುವ ಪ್ರಯತ್ನಗಳನ್ನೆಲ್ಲ ಒಟ್ಟಿಗೆ ಇಟ್ಟು ತೂಗಿದ 2011ರ ವಿಶ್ಲೇಷಣೆಯೊಂದಿದೆ. ಮಾತುಗಾರಿಕೆ ಕಲಿಸುವುದು, ಆಸರೆ ಒದಗಿಸುವುದು, ಜನರನ್ನು ಸೇರಿಸಿ ಬಿಡುವುದು, ಇತರರ ಬಗ್ಗೆ ಮನಸ್ಸು ಹೂಡುವ ತಪ್ಪು ತರ್ಕವನ್ನು ತಿದ್ದುವುದು ಎಂದು ನಾಲ್ಕು ದಾರಿ ಗುರುತಿಸಿದ್ದರು. ಹೆಚ್ಚು ಫಲ ಕೊಟ್ಟದ್ದು ಕೊನೆಯದು. ನಾನು ಸುಲಭವೆಂದು ಮೂರನೆಯದಕ್ಕೆ ಕೈಹಾಕಿದ್ದೆ.

ಆ ವಿಶ್ಲೇಷಣೆಯ ತಂಡದಲ್ಲಿದ್ದ ಜಾನ್ ಕ್ಯಾಸಿಯೊಪ್ಪೊ ಬದುಕಿನ ಬಹುಪಾಲನ್ನು ಒಂಟಿತನದ ಅಧ್ಯಯನಕ್ಕೇ ಕೊಟ್ಟವರು. ಅವರ ಪ್ರಕಾರ ಒಂಟಿತನವೂ ಹಸಿವು, ನೋವುಗಳ ಹಾಗೆ ಒಂದು ಎಚ್ಚರಿಕೆಯ ಗಂಟೆ: ಗುಂಪಿನಿಂದ ದೂರವಾಗುತ್ತಿದ್ದೀಯ, ಹಿಂದಿರುಗು ಎಂದು ಹೇಳುವಂಥದ್ದು. 2020ರಲ್ಲಿ ನರವಿಜ್ಞಾನಿ ಲಿವಿಯಾ ಟೊಮೊವಾ ಮತ್ತು ಸಂಗಡಿಗರು 40 ಜನರನ್ನು ಒಂದು ದಿನ ಹತ್ತು ಗಂಟೆ ಯಾರ ಸಂಪರ್ಕವೂ ಇಲ್ಲದೆ, ಇನ್ನೊಂದು ದಿನ ಹತ್ತು ಗಂಟೆ ಉಪವಾಸ ಇರಿಸಿ ಮಿದುಳಿನ ಚಿತ್ರ ತೆಗೆದರು. ಹಸಿದಾಗ ಆಹಾರದ ಚಿತ್ರ ಕಂಡು ಎಚ್ಚೆತ್ತ ನಡುಮಿದುಳಿನ ಭಾಗವೇ, ಒಂಟಿಯಾಗಿದ್ದಾಗ ಜನ ಕೂಡಿ ಇರುವ ಚಿತ್ರ ಕಂಡು ಎಚ್ಚೆತ್ತಿತು. ಆದರೆ ಈ ಎಚ್ಚರಿಕೆಯ ಗಂಟೆ ನಿಲ್ಲದೆ ಬಾರಿಸುತ್ತಿದ್ದರೆ ಇನ್ನೊಂದು ತೊಡಕು ಶುರುವಾಗುತ್ತದೆ. ಜನರ ಕಡೆ ತಿರುಗಬೇಕಾದ ಕಣ್ಣು ಜನರಲ್ಲಿ ಅಪಾಯ ಹುಡುಕತೊಡಗುತ್ತದೆ. ಎದುರಿನವರು ಗಡಿಯಾರ ನೋಡಿದರೆ ನನ್ನಿಂದಲೇ. ಇಬ್ಬರು ನಕ್ಕರೆ ನನ್ನ ಬಗ್ಗೆಯೇ. ತರಗತಿಯಲ್ಲಿ ಮೂರು ಶನಿವಾರ ಆದದ್ದು ಇದು. ಹಸಿದವಳನ್ನು ಊಟದ ಮನೆಗೆ ಕಳಿಸಿದ್ದೆ. ತಟ್ಟೆಯಲ್ಲಿ ವಿಷವಿರಬಹುದು ಅನ್ನುವ ಅವಳ ಗುಮಾನಿಯ ಬಗ್ಗೆ ಮಾತಾಡಿರಲಿಲ್ಲ.

ಹಾಡಿಲ್ಲದ ಇಯರ್‌ಫೋನ್

ಆಕೆ ಯಾವಾಗಲೂ ಇಯರ್‌ಫೋನ್ ಹಾಕಿಕೊಂಡೇ ಬರುತ್ತಿದ್ದಳು. ಏನು ಕೇಳುತ್ತೀರಿ ಅಂದರೆ "ಏನೂ ಇಲ್ಲ" ಅಂದಳು. ನಿಜಕ್ಕೂ ಏನೂ ಇಲ್ಲ. ರಸ್ತೆಯಲ್ಲಿ ಯಾರೂ ಮಾತಾಡಿಸಬಾರದು ಅಂತ ಹಾಕಿಕೊಳ್ಳುವುದು. ಯಾರಾದರೂ ಹಿಂದೆ ಬಂದರೆ ಹೆಜ್ಜೆ ಕೇಳಬೇಕಲ್ಲ, ಅದಕ್ಕೇ ಹಾಡು ಹಾಕುವುದಿಲ್ಲ.

ಇದನ್ನು ನಾನು "ತಪ್ಪಿಸಿಕೊಳ್ಳುವ ನಡವಳಿಕೆ" ಅಂತ ಟಿಪ್ಪಣಿಯಲ್ಲಿ ಬರೆದುಕೊಂಡು, ಹಾಗೇ ಅಂದೂಬಿಟ್ಟೆ. ಮೊದಲ ಸಲ ಆಕೆಗೆ ಸಿಟ್ಟು ಬಂತು.

"ರಾತ್ರಿ ಎಂಟಕ್ಕೆ ಒಬ್ಳೇ ನಡ್ಕೊಂಡು ಬರೋದು ಹೇಗಿರುತ್ತೆ ಅಂತ ನಿಮಗೂ ಗೊತ್ತಿರ್ಬೇಕಲ್ಲ ಮೇಡಂ."

ಗೊತ್ತಿತ್ತು. ಬರೆದದ್ದನ್ನು ಅವಳೆದುರೇ ಹೊಡೆದುಹಾಕಿದೆ. ರಸ್ತೆಗೆ ಇಳಿಯುವಾಗ ಹೆಣ್ಣುಮಕ್ಕಳು ಒಂದು ಮುಖ ಹಾಕಿಕೊಳ್ಳುತ್ತಾರೆ. ನಗು ಇಲ್ಲ, ಯಾರನ್ನೂ ನೋಡುವುದಿಲ್ಲ, ನಡಿಗೆ ಬಿರುಸು. ಅದು ರೋಗವಲ್ಲ, ಅನುಭವ ಕಲಿಸಿದ ಎಚ್ಚರ. ಬೇರೆ ಊರಿನಲ್ಲಿ ಒಬ್ಬಳೇ ಇರುವವಳಿಗೆ ಅದು ಇನ್ನೂ ಬಿಗಿ. ತೊಡಕು ಬೇರೆಲ್ಲೋ ಇತ್ತು. ರಸ್ತೆಯ ಆ ಮುಖವನ್ನು ಆಫೀಸಿನ ಗೇಟಿನಲ್ಲಿ ಕಳಚಿಡಲು ಆಕೆ ಯಾವಾಗಲೋ ಮರೆತಿದ್ದಳು. ಲಿಫ್ಟಿನಲ್ಲೂ ಅದೇ ಮುಖ, ನೀರು ತುಂಬಿಸಿಕೊಳ್ಳುವಾಗಲೂ ಅದೇ. ಇಯರ್‌ಫೋನು ಕಿವಿಯಲ್ಲೇ. ಅದನ್ನು ಕಂಡ 40 ಜನ ಓದಿಕೊಂಡದ್ದು ಒಂದೇ: ಇವರಿಗೆ ಮಾತಾಡಿಸಿದರೆ ಇಷ್ಟವಾಗುವುದಿಲ್ಲ. ಅವರು ಮರ್ಯಾದೆಯಿಂದ ಸುಮ್ಮನಾದರು. ಆ ಸುಮ್ಮನಿರುವಿಕೆಯನ್ನು ಈಕೆ ತಿರಸ್ಕಾರ ಅಂದುಕೊಂಡಳು.

ರಸ್ತೆಯಲ್ಲಿ ಇಯರ್‌ಫೋನ್ ಇರಲಿ, ಗೇಟು ದಾಟಿದ ಕೂಡಲೇ ಬ್ಯಾಗಿಗೆ ಹೋಗಲಿ ಅಂತ ಒಪ್ಪಂದ ಮಾಡಿಕೊಂಡೆವು. ಮೊದಲ ವಾರ "ಕಿವಿ ಬೆತ್ತಲೆ ಆದ ಹಾಗಿದೆ" ಅಂದಳು.

ಗೊತ್ತಿಲ್ಲದವರಿಗೆ ಇಟ್ಟ ಪರೀಕ್ಷೆ

ಐದನೇ ಭೇಟಿಯಲ್ಲಿ ಹುಟ್ಟುಹಬ್ಬದ ವಿಷಯ ಬಂತು. ಹಿಂದಿನ ವರ್ಷ, ಹುಟ್ಟುಹಬ್ಬಕ್ಕೆ ಹತ್ತು ದಿನ ಮುಂಚೆ, ಫೋನಿನ ಎಲ್ಲ ಆ್ಯಪ್‌ಗಳಲ್ಲೂ ಜನ್ಮದಿನ ಕಾಣದಂತೆ ಮಾಡಿಟ್ಟಳು. ಯಾರಿಗೆ ನಿಜವಾಗಿ ನೆನಪಿರುತ್ತದೋ ನೋಡೋಣ ಅಂತ. ಆ ದಿನ ಅಮ್ಮ ಫೋನು ಮಾಡಿದರು. ಬ್ಯಾಂಕಿನಿಂದ ತಾನೇ ಹೋಗುವ ಒಂದು ಮೆಸೇಜು ಬಂತು. ಅಷ್ಟೇ. ರಾತ್ರಿ ಹನ್ನೆರಡರವರೆಗೆ ಫೋನು ಕೈಯಲ್ಲಿ ಹಿಡಿದೇ ಇದ್ದಳು.

ಇದೊಂದೇ ಅಲ್ಲ. ಹಳೆಯ ಗೆಳತಿಯರ ಗುಂಪಿನಲ್ಲಿ ತಾನಾಗಿ ಬರೆಯುವುದನ್ನು ನಿಲ್ಲಿಸಿ, ಯಾರು ವಿಚಾರಿಸುತ್ತಾರೆ ಅಂತ ಕಾದಿದ್ದಳು. ಆಫೀಸಿನಲ್ಲಿ ಎರಡು ದಿನ ಊಟಕ್ಕೆ ಹೋಗದೆ ಕೂತು, ಯಾರಾದರೂ ಕರೆಯುತ್ತಾರಾ ಅಂತ ನೋಡಿದ್ದಳು. ಯಾರೂ ಪಾಸಾಗಲಿಲ್ಲ. ಪರೀಕ್ಷೆ ನಡೆಯುತ್ತಿದೆ ಅಂತ ಪಾಪ, ಅವರಿಗೆ ಗೊತ್ತೇ ಇರಲಿಲ್ಲ.

ಈ ಪ್ರಕರಣದಲ್ಲಿ ನನಗೆ ಮುಖ್ಯವಾಗಿ ಕಂಡದ್ದು ಇದೇ. ಜನ ಇಲ್ಲದ್ದಕ್ಕಿಂತ ಈ ಗುಟ್ಟಿನ ಪರೀಕ್ಷೆಗಳು ಆಕೆಯನ್ನು ಹೆಚ್ಚು ಒಂಟಿಯಾಗಿಸಿದ್ದವು. "ನಾನೇ ಯಾಕೆ ಮೊದಲು ಮಾಡ್ಬೇಕು?" ಅನ್ನುವ ಪ್ರಶ್ನೆಯಲ್ಲಿ ಸ್ವಾಭಿಮಾನವಿದೆ, ಅದನ್ನು ಹಗುರವಾಗಿ ಕಾಣಬಾರದು. ಬೇಡಿ ಪಡೆದ ಸ್ನೇಹ ಯಾರಿಗೂ ಬೇಡ. ಆದರೆ ಆ ಕಡೆಯವರೂ ಇದೇ ಪ್ರಶ್ನೆ ಹಿಡಿದು ಕೂತಿದ್ದರೆ?

ಇಲ್ಲಿಗೆ ಬಂದಾಗ ಆಕೆ ಒಂದು ಹೆಸರು ಹೇಳಿದಳು. ಕಾಲೇಜಿನಲ್ಲಿ ನಾಲ್ಕು ವರ್ಷ ಒಂದೇ ಬೆಂಚಿನಲ್ಲಿ ಕೂತ ಗೆಳತಿ. "ಅವ್ಳೂ ಬಿಟ್ಬಿಟ್ಳು." ಯಾವಾಗ ಅಂತ ಕೇಳಿದೆ. ಸರಿಯಾಗಿ ನೆನಪಿರಲಿಲ್ಲ. ತಾನಾಗಿಯೇ ಫೋನು ತೆಗೆದು ಹುಡುಕತೊಡಗಿದಳು. ಬೆರಳು ಮೇಲೆ ಮೇಲೆ ಸರಿಸುತ್ತಾ ಹೋಗಿ ಒಂದು ಕಡೆ ನಿಂತಿತು.

ಕೊನೆಯ ಮೆಸೇಜು ಗೆಳತಿಯದೇ. "ಫ್ರೀ ಆದಾಗ ಕಾಲ್ ಮಾಡೇ, ಒಂದು ವಿಷಯ ಹೇಳ್ಬೇಕು." ಹದಿನಾಲ್ಕು ತಿಂಗಳ ಹಿಂದಿನದು. ಅದರ ಕೆಳಗೆ ಇವಳು ಒತ್ತಿದ ಹೆಬ್ಬೆರಳಿನ ಗುರುತು. ಆಮೇಲೆ ಏನೂ ಇಲ್ಲ.

ಫೋನನ್ನು ತೊಡೆಯ ಮೇಲೆ ಕವುಚಿಟ್ಟು ಬಹಳ ಹೊತ್ತು ಕೂತಳು. ನಾನೂ ಮಾತಾಡಲಿಲ್ಲ. ಕೊನೆಗೆ "ಆಗ ಆಫೀಸಲ್ಲಿ ಆಡಿಟ್ ನಡೀತಿತ್ತು" ಅಂದಳು. ಯಾರಿಗೆ ಸಮಜಾಯಿಷಿ ಕೊಡುತ್ತಿದ್ದಳೋ.

ಎರಡು ಅಂಕಣದ ನೋಟ್‌ಬುಕ್ಕು

ಒಂದು ಚಿಕ್ಕ ನೋಟ್‌ಬುಕ್ಕು ಇಡಲು ಹೇಳಿದೆ. ಎಡಗಡೆ ಊಹೆ, ಬಲಗಡೆ ಆದದ್ದು. ಯಾರನ್ನಾದರೂ ಮಾತಾಡಿಸುವ ಮುಂಚೆ ಎಡಗಡೆ ತುಂಬಬೇಕು, ಆಮೇಲೆ ಬಲಗಡೆ. ಬಲಗಡೆ ಕಂಡದ್ದು, ಕೇಳಿದ್ದು ಮಾತ್ರ. "ಅನ್ನಿಸಿತು" ಅನ್ನುವಂತಿಲ್ಲ. ಆಕೆಯ ಒಪ್ಪಿಗೆಯಿಂದ ಅಂಥ ಒಂದು ಪುಟ:

ಊಹೆ: ಊಟಕ್ಕೆ ನಾನೂ ಬರ್ಲಾ ಅಂದ್ರೆ ಮುಖ ಮುಖ ನೋಡ್ಕೋತಾರೆ.
ಆದದ್ದು: "ಬನ್ನಿ ಬನ್ನಿ" ಅಂದರು. ಒಬ್ಬರು ಕುರ್ಚಿ ಎಳೆದುಕೊಟ್ಟರು. ನಾನು ಎರಡೇ ಮಾತಾಡಿದೆ.

ಊಹೆ: ನಿನ್ನೆ ನಾನು ಬೋರ್ ಹೊಡೆಸಿದೆ. ಇವತ್ತು ಕರೆಯಲ್ಲ.
ಆದದ್ದು: ಕರೆಯಲಿಲ್ಲ. ನಾನೇ ಹೋದೆ. ಕುರ್ಚಿ ಇಟ್ಟಿದ್ದರು.

ಊಹೆ: ಪಕ್ಕದ ಕೋಣೆಯವರು ಮಾತಾಡ್ತಾರೆ, ಒಳ್ಳೆಯವರ ಥರ ಕಾಣ್ತಾರೆ.
ಆದದ್ದು: "ಈಗ ಟೈಮಿಲ್ಲ" ಅಂತ ಬಾಗಿಲು ಹಾಕಿಕೊಂಡರು.

ಮೂರನೆಯದನ್ನು ಓದಿ ಇಬ್ಬರೂ ನಕ್ಕೆವು. ಒಳ್ಳೆಯದಾಗುತ್ತದೆ ಅಂತ ಊಹಿಸಿದ್ದು ಅದೊಂದೇ, ಕೈಕೊಟ್ಟದ್ದೂ ಅದೇ. ಮೂರು ವಾರದಲ್ಲಿ 14 ಸಾಲುಗಳಾದವು. ಕೆಟ್ಟ ಊಹೆ ಪೂರ್ತಿ ನಿಜವಾದದ್ದು ಎರಡು ಕಡೆ. ಎರಡು ಅನ್ನುವುದೂ ಮುಖ್ಯ. ಸೊನ್ನೆ ಅಂತ ನಾನು ಭರವಸೆ ಕೊಟ್ಟಿದ್ದರೆ ಮೊದಲ ಪೆಟ್ಟಿಗೇ ನೋಟ್‌ಬುಕ್ಕು ಕಸದ ಬುಟ್ಟಿ ಸೇರುತ್ತಿತ್ತು.

ಇದು ಇವಳೊಬ್ಬಳ ಕಣ್ಣಿನ ದೋಷವಲ್ಲ. ಮನೋವಿಜ್ಞಾನಿ ಎರಿಕಾ ಬೂತ್‌ಬಿ ಮತ್ತು ಸಂಗಡಿಗರು 2018ರಲ್ಲಿ ಪ್ರಕಟಿಸಿದ ಪ್ರಯೋಗಗಳಲ್ಲಿ ಅಪರಿಚಿತರು ಕೂತು ಮಾತಾಡಿ, ಆಮೇಲೆ ಎದುರಿನವರಿಗೆ ನಾನೆಷ್ಟು ಹಿಡಿಸಿದೆ ಅಂತ ಅಂದಾಜು ಮಾಡಬೇಕಿತ್ತು. ಎದುರಿನವರಿಗೆ ತಾವು ನಿಜಕ್ಕೂ ಎಷ್ಟು ಹಿಡಿಸಿದ್ದೆವೋ ಅಷ್ಟು ಹಿಡಿಸಿದ್ದೇವೆ ಅಂತ ಜನ ನಂಬಲೇ ಇಲ್ಲ. ಹಾಸ್ಟೆಲಿನಲ್ಲಿ ಒಟ್ಟಿಗೆ ಇರುವ ಮೊದಲ ವರ್ಷದ ವಿದ್ಯಾರ್ಥಿಗಳಲ್ಲೂ ಈ ಅಂತರ ತಿಂಗಳುಗಟ್ಟಲೆ ಉಳಿಯಿತು. ಮಾತು ಮುಗಿದ ಮೇಲೆ "ಛೆ, ಹಾಗೆ ಅನ್ನಬಾರದಿತ್ತು" ಅಂತ ಮೆಲುಕು ಹಾಕುತ್ತಿರುವುದು ನಾವೊಬ್ಬರೇ. ಎದುರಿನವರು ತಮ್ಮ "ಛೆ"ಯಲ್ಲಿ ಮುಳುಗಿರುತ್ತಾರೆ.

ಗೆಳತಿಗೆ ಮೆಸೇಜು ಕಳಿಸಲು ಇನ್ನೂ ಹನ್ನೊಂದು ದಿನ ಬೇಕಾಯಿತು. ಬರೆದು ಅಳಿಸಿದ ಕರಡುಗಳನ್ನು ನಾನು ನೋಡಿಲ್ಲ. ಕೊನೆಗೆ ಹೋದದ್ದು: "ಅವತ್ತು ಕಾಲ್ ಮಾಡು ಅಂದಿದ್ದೆ. ನಾನು ಮಾಡ್ಲಿಲ್ಲ. ತಪ್ಪಾಯ್ತು. ಈಗ ಮಾಡ್ಲಾ?" ಎರಡು ದಿನ ಉತ್ತರ ಬರಲಿಲ್ಲ. ಆ ಎರಡು ರಾತ್ರಿ ನಿದ್ದೆ ಮತ್ತೆ ಕೆಟ್ಟಿತು. ಮೂರನೇ ದಿನ ಫೋನೇ ಬಂತು. ಹೇಳಬೇಕೆಂದಿದ್ದ ಆ ವಿಷಯ ಇಷ್ಟೇ: ಗೆಳತಿಯ ಕೆಲಸ ಹೋಗಿತ್ತು, ಮನೆಯಲ್ಲಿ ಇನ್ನೂ ಹೇಳಿರಲಿಲ್ಲ, ಯಾರ ಹತ್ತಿರವಾದರೂ ಹೇಳಿಕೊಳ್ಳಬೇಕಿತ್ತು. "ನೀನೂ ಬಿಟ್ಟೆ ಅಂದ್ಕೊಂಡೆ" ಅಂದಳಂತೆ.

ಸ್ನೇಹ ಮೊದಲಿನಂತಾಯಿತು ಅಂತ ಬರೆದರೆ ಸುಳ್ಳಾಗುತ್ತದೆ. ಗೆಳತಿ ಬೇರೆ ಊರಿನಲ್ಲಿದ್ದಾಳೆ, ಹೊಸ ಕೆಲಸ ಹಿಡಿದಿದ್ದಾಳೆ, ತಿಂಗಳಿಗೊಮ್ಮೆ ಫೋನು ಬರುತ್ತದೆ. ಮಾತಿನ ನಡುವೆ ಸಣ್ಣದೊಂದು ಬಿಗುವು ಉಳಿದಿದೆ.

ಹನ್ನೆರಡು ನಿಮಿಷ

ದಾರಿ ತೆರೆದದ್ದು ನಾವಿಬ್ಬರೂ ಎಣಿಸದ ಕಡೆ. ಲೆಕ್ಕಪತ್ರ ವಿಭಾಗದ ಒಬ್ಬಾಕೆ, ಇವಳಿಗಿಂತ ಹತ್ತು ವರ್ಷ ದೊಡ್ಡವರು, ಸಂಜೆ ಅದೇ ಬಸ್ ನಿಲ್ದಾಣಕ್ಕೆ ನಡೆಯುತ್ತಿದ್ದರು. ಎರಡು ವರ್ಷದಿಂದ ಇಬ್ಬರೂ ಇಪ್ಪತ್ತು ಹೆಜ್ಜೆಯ ಅಂತರದಲ್ಲಿ ಒಂದೇ ದಾರಿ ತುಳಿದಿದ್ದರು. ಒಂದು ಸಂಜೆ ಮಳೆ. ಇವಳ ಹತ್ತಿರ ಕೊಡೆ ಇತ್ತು, ಅವರ ಹತ್ತಿರ ಇರಲಿಲ್ಲ. ನೋಟ್‌ಬುಕ್ಕು ತೆಗೆದು ಊಹೆ ಬರೆಯಲು ಹೊತ್ತಿರಲಿಲ್ಲ, "ಬನ್ನಿ ಅಕ್ಕಾ" ಅಂದುಬಿಟ್ಟಳು.

ಮರುದಿನ ಅವರು ಗೇಟಿನ ಹತ್ತಿರ ನಿಂತಿದ್ದರು. ಮಳೆ ಇರಲಿಲ್ಲ.

ನಡಿಗೆ ಹನ್ನೆರಡು ನಿಮಿಷದ್ದು. ಮಾತು ದೊಡ್ಡದೇನಲ್ಲ. ಅವರ ಮಗನ ಗಣಿತದ ಪರೀಕ್ಷೆ, ತಡವಾದ ಬಸ್ಸು, ಮ್ಯಾನೇಜರರ ಹೊಸ ಕನ್ನಡಕ. ಒಂದು ದಿನ ನಾನು ಸಂವಹನ ಸಂಶೋಧಕ ಜೆಫ್ರಿ ಹಾಲ್ ಅವರ ಅಧ್ಯಯನದ ಮಾತೆತ್ತಿದೆ. ಪರಿಚಯ ಸಾಮಾನ್ಯ ಸ್ನೇಹವಾಗಲು ಸುಮಾರು 50 ಗಂಟೆ, ಸ್ನೇಹ ಅನ್ನಿಸಿಕೊಳ್ಳಲು 90, ಆಪ್ತರಾಗಲು 200ಕ್ಕೂ ಹೆಚ್ಚು ಗಂಟೆ ಒಟ್ಟಿಗೆ ಕಳೆದಿರಬೇಕು ಅಂತ ಅವರ ಅಂದಾಜು. ಒಟ್ಟಿಗೆ ಕೆಲಸ ಮಾಡಿದ ಗಂಟೆಗಳಿಗೆ ಅಷ್ಟು ತೂಕವಿಲ್ಲ. ಹಾಗಾಗಿಯೇ ಮೂರು ವರ್ಷ, ದಿನಕ್ಕೆ ಒಂಬತ್ತು ಗಂಟೆ, 40 ಜನರ ನಡುವೆ ಕೂತದ್ದು ಆಕೆಯ ಖಾತೆಗೆ ಜಮೆಯಾಗಿರಲಿಲ್ಲ.

ಆಕೆ ಮನಸ್ಸಿನಲ್ಲೇ ಗುಣಿಸಿದಳು. "ದಿನಕ್ಕೆ ಹನ್ನೆರಡು ನಿಮಿಷ, ವಾರಕ್ಕೆ ಐದು ದಿನ, ಅಂದ್ರೆ ಒಂದು ಗಂಟೆ. ಐವತ್ತಕ್ಕೆ ಒಂದು ವರ್ಷ! ಆಪ್ತರಾಗೋಕೆ ನಾಲ್ಕು ವರ್ಷ ನಡೀಬೇಕಾ ಮೇಡಂ?"

ಅಧ್ಯಯನದ ಮಾತೆತ್ತಿ ಕೆಟ್ಟೆನಾ ಅಂದುಕೊಂಡೆ. ಆದರೆ ಆ ಲೆಕ್ಕ ಆಕೆಗೆ ಒಗ್ಗಿತು. ಅಲ್ಲಿಯವರೆಗೆ ಸ್ನೇಹ ಅಂದರೆ ಅದೃಷ್ಟ, ಕೆಲವರಿಗೆ ಇರುತ್ತದೆ, ನನಗಿಲ್ಲ ಅನ್ನುವ ನಂಬಿಕೆಯಿತ್ತು. ಈಗ ಅದು ನಿಧಾನವಾಗಿ ತುಂಬುವ ಹುಂಡಿಯಾಯಿತು. ಜಿಪುಣಿಯ ಖುಷಿಯಲ್ಲಿ ನೋಟ್‌ಬುಕ್ಕಿನ ಹಿಂಬದಿಯ ಪುಟದಲ್ಲಿ ಗಂಟೆ ಬರೆದಿಡತೊಡಗಿದಳು. ಊಟದ ಮೇಜಿನ ಹೊತ್ತನ್ನು ಸೇರಿಸಬಹುದಾ ಅಂತ ಕೇಳಿದಳು. ಸೇರಿಸಿ ಅಂದೆ.

ಎಲ್ಲಿಗೆ ಬಂತು

ಒಟ್ಟು ಹದಿಮೂರು ಭೇಟಿ, ಏಳು ತಿಂಗಳು. ಮೂರು ಪ್ರಶ್ನೆಗಳ ಅಂಕ 8ರಿಂದ ನಡುವೆ 6ಕ್ಕೆ, ಕೊನೆಗೆ 5ಕ್ಕೆ ಇಳಿಯಿತು. ಖಿನ್ನತೆಯ ಪಟ್ಟಿಯಲ್ಲಿ 4. ನಿದ್ದೆ ಪರವಾಗಿಲ್ಲ. ಚಿತ್ರಕಲೆ ತರಗತಿಗೆ ಆಕೆ ಮತ್ತೆ ಹೋಗಲಿಲ್ಲ, ನಾನೂ ಒತ್ತಾಯಿಸಲಿಲ್ಲ. ಜನ್ಮದಿನವನ್ನು ಆ್ಯಪ್‌ಗಳಲ್ಲಿ ಮತ್ತೆ ಕಾಣುವಂತೆ ಮಾಡಿದಳು. ಈ ವರ್ಷ ಹನ್ನೊಂದು ಜನ ಹಾರೈಸಿದರು. ಅವರಲ್ಲಿ ಆರು ಜನ ಆ್ಯಪ್ ನೆನಪಿಸಿದ್ದಕ್ಕೆ ಮಾತ್ರ ಹಾರೈಸಿದವರು ಅಂತ ಆಕೆಯೇ ಲೆಕ್ಕ ಕೊಟ್ಟಳು. ಭಾನುವಾರ ಸಂಜೆ ಐದರಿಂದ ಏಳು ಈಗಲೂ ಕಷ್ಟ. ಆ ಹೊತ್ತಿಗೆ ಅಮ್ಮನಿಗೆ ಫೋನು ಮಾಡುತ್ತಾಳೆ. "ಬೇಜಾರು" ಅನ್ನುವುದಿಲ್ಲ, "ಒಬ್ಳೇ ಅನ್ನಿಸ್ತಿದೆ ಅಮ್ಮ, ಸುಮ್ನೆ ಮಾತಾಡು" ಅನ್ನುತ್ತಾಳೆ. ಮೊದಲ ಸಲ ಹಾಗೆ ಅಂದಾಗ ತಾಯಿ ಸಿನಿಮಾದ ಮಾತೆತ್ತಲಿಲ್ಲ. ಇವಳ ಪ್ರಾಯದಲ್ಲಿ ತಾವು ಹೊಸ ಮನೆಗೆ ಬಂದು ಆರು ತಿಂಗಳು ಯಾರೊಡನೆಯೂ ಮಾತಿಲ್ಲದೆ ಕಳೆದದ್ದನ್ನು ಹೇಳಿದರಂತೆ. ಅದನ್ನು ಮಗಳು ಕೇಳಿದ್ದು ಅದೇ ಮೊದಲು.

ಎಲ್ಲವನ್ನೂ ಆಕೆಯ ಮನಸ್ಸಿನ ಮೇಲೆ ಹಾಕಿದ್ದೇನೆ ಅನ್ನಿಸಬಾರದು. ಕೆಲಸಕ್ಕಾಗಿ ಬೇರು ಕಿತ್ತು ಬರಬೇಕಾದದ್ದು, ಕತ್ತಲಾದ ಮೇಲೆ ಹೆಣ್ಣೊಬ್ಬಳು ನಿರಾಳವಾಗಿ ಕೂರಲು ಒಂದು ಬೆಂಚೂ ಇಲ್ಲದ್ದು, ದಿನದ ಎಚ್ಚರದ ಹೊತ್ತನ್ನೆಲ್ಲ ನುಂಗುವ ಕೆಲಸದ ಅವಧಿ, ಇವು ನನ್ನ ಕೋಣೆಯಲ್ಲಿ ಕೂತು ತಿದ್ದಲಾಗದವು. ವಿಶ್ವ ಆರೋಗ್ಯ ಸಂಸ್ಥೆ 2025ರ ವರದಿಯಲ್ಲಿ ಜಗತ್ತಿನ ಆರು ಜನರಲ್ಲಿ ಒಬ್ಬರಿಗೆ ಒಂಟಿತನವಿದೆ ಅಂದಿದೆ. ಬ್ರಿಟನ್ 2018ರಲ್ಲೇ, ಜಪಾನ್ 2021ರಲ್ಲಿ ಇದಕ್ಕೆಂದು ಒಬ್ಬ ಸಚಿವರನ್ನು ನೇಮಿಸಿದವು. ಅಷ್ಟು ಜನರ ನೋವಿಗೆ ಒಬ್ಬೊಬ್ಬರ ಕೈಗೂ ನೋಟ್‌ಬುಕ್ಕು ಕೊಟ್ಟು ಮುಗಿಯಿತು ಅನ್ನಲಾಗದು.

ಮೂರು ತಿಂಗಳ ನಂತರದ ಫಾಲೋಅಪ್‌ಗೆ ಬಂದಾಗ ಆಕೆಯ ಖಾತೆಯಲ್ಲಿ 41 ಗಂಟೆ ಇತ್ತು. ಅಂಕ ಮಾತ್ರ ಮತ್ತೆ 6. ಕಾರಣವಿತ್ತು. ಜೊತೆಗೆ ನಡೆಯುತ್ತಿದ್ದ ಆ ಅಕ್ಕನಿಗೆ ಬೇರೆ ಶಾಖೆಗೆ ವರ್ಗವಾಗಿತ್ತು. ನೋಟ್‌ಬುಕ್ಕಿನ ಹೊಸ ಪುಟ ತೆರೆದು ನನ್ನ ಕಡೆ ತಿರುಗಿಸಿದಳು. ಎಡಗಡೆ "ಇನ್ನು ಬಸ್ ಸ್ಟಾಪಿಗೆ ಒಬ್ಳೇ" ಅಂತ ಬರೆದಿತ್ತು. ಬಲಗಡೆ ಖಾಲಿ. ಅಕ್ಕ ಹೋಗುವುದು ಮುಂದಿನ ಸೋಮವಾರ.